ಬೋಜೋನನ್ನು ದುಡ್ಡು ಕೆಡಿಸಿತಾ?

ಹಳೆಯ ಟಿವಿ ಕಾರ್ಯಕ್ರಮಗಳೆಂದರೆ ನನಗೆ ಹುಚ್ಚು. ಅದಕ್ಕೇ ಶಿಕಾಗೋದಲ್ಲಿ ಬೆಳೆದ ಗೆಳೆಯರು ಸಿಕ್ಕಾಗೆಲ್ಲ ಅಮೆರಿಕದ ಟಿವಿ ಜೋಕರ್ ಬೋಜೋ ಬಗ್ಗೆ ಕೇಳುತ್ತಾರೆ: "ಬೋಜೋ ಎಷ್ಟು ಒಳ್ಳೆ ಜೋಕರ್! ದುಡ್ಡಿನಾಸೆಗೆ ಹಾಳು ಮಾಡಿಬಿಟ್ಟರು ಅಲ್ವಾ?"

ಅಯ್ಯೋ, ಅವನು ಹುಟ್ಟಿದ್ದೇ ಅಂಗಡಿಗಾಗಿ. 1946ರಲ್ಲಿ ಕ್ಯಾಪಿಟಲ್ ರೆಕಾರ್ಡ್ಸ್ ಕಂಪನಿಯ ಅಲನ್ ಲಿವಿಂಗ್‌ಸ್ಟನ್, ಮಕ್ಕಳಿಗೆ ಕಥೆ ಹೇಳುವ ಗ್ರಾಮಫೋನ್ ತಟ್ಟೆಯ ಜೊತೆ ಚಿತ್ರಪುಸ್ತಕ ಮಾರಲು ಅವನನ್ನು ಹುಟ್ಟುಹಾಕಿದರು. ಬೋಜೋ ಸೀಟಿ ಊದಿದಾಗ ಮಗು ಪುಟ ತಿರುಗಿಸಬೇಕು. ದನಿ ಪಿಂಟೋ ಕಾಲ್ವಿಗ್ ಅವರದು. ಡಿಸ್ನಿಯ ಗೂಫಿಯ ದನಿಯೂ ಅವರದೇ.

1950ರ ದಶಕದಲ್ಲಿ ಲ್ಯಾರಿ ಹಾರ್ಮನ್ ಹಕ್ಕು ಕೊಂಡು, ಊರೂರಿನ ಟಿವಿ ಕೇಂದ್ರಗಳಿಗೆ ಬೋಜೋನನ್ನು ಹಂಚಿದರು. ಅದೇ ಕೆಂಪು ಕೂದಲು, ಅದೇ ನೀಲಿ ಅಂಗಿ. ಒಳಗಿನ ಮನುಷ್ಯ ಮಾತ್ರ ಊರಿಗೊಬ್ಬ. ನಮ್ಮ ಯಕ್ಷಗಾನದಲ್ಲೂ ಮೇಳಕ್ಕೊಬ್ಬ ಹಾಸ್ಯಗಾರ ಇರುತ್ತಾನಲ್ಲ, ಹಾಗೆ. ನಮ್ಮಲ್ಲಿ ಪಾತ್ರಕ್ಕೆ ರಾಯಲ್ಟಿ ಕಟ್ಟಬೇಕಿಲ್ಲ, ಅಷ್ಟೇ.

ಶಿಕಾಗೋದವರ ಬೋಜೋ ಅಂದರೆ ಡಬ್ಲ್ಯೂಜಿಎನ್ ವಾಹಿನಿಯ ಬಾಬ್ ಬೆಲ್. 1960ರಿಂದ 1984ರವರೆಗೆ ಅವರದೇ ವೇಷ. ಎಲ್ಲರಿಗೂ ನೆನಪಿರುವುದು ಬಕೆಟ್ ಆಟ. ಸಾಲಾಗಿ ಆರು ಬಕೆಟ್, ಮಗುವಿನ ಕೈಯಲ್ಲಿ ಪಿಂಗ್‌ಪಾಂಗ್ ಚೆಂಡು. ಮೊದಲನೆಯದು ಕಾಲ ಬುಡದಲ್ಲೇ. ಆರನೆಯದು ದೂರ. ಅದಕ್ಕೆ ಯಾರೂ ಚೆಂಡು ಹಾಕದೆ ಹೋದ ದಿನಕ್ಕೊಂದರಂತೆ ಬಹುಮಾನಕ್ಕೆ ಬೆಳ್ಳಿ ಡಾಲರ್ ಸೇರುತ್ತಾ ಹೋಗುತ್ತಿತ್ತು. ಹಗುರ ಚೆಂಡು, ಅಂಚಿಗೆ ತಾಗಿ ಪುಟಿದರೆ ಮುಗೀತು. ಕಾರ್ಯಕ್ರಮ ನೋಡುವ ಟಿಕೆಟ್‌ಗೆ ಹತ್ತು ವರ್ಷದ ಸರದಿ. ಹುಟ್ಟಬೇಕಾದ ಮಗುವಿನ ಹೆಸರಲ್ಲಿ ಟಿಕೆಟ್ ಬರೆಸಿದವರೂ ಇದ್ದರು! ಇಷ್ಟು ಪ್ರೀತಿ ಬಂದದ್ದು ಹಾರ್ಮನ್ ಮಾರಿದ ಹಕ್ಕಿನಿಂದಲ್ಲ, ಬೆಲ್ ಅವರಿಂದ. ಕಡೆಗೆ 1994ರಲ್ಲಿ ಬೆಳಗಿನ ಸುದ್ದಿಗೆ ಜಾಗ ಬಿಟ್ಟು ಕಾರ್ಯಕ್ರಮ ಭಾನುವಾರಕ್ಕೆ ಸರಿಯಿತು. 2001ರಲ್ಲಿ ನಿಂತಿತು.

ನನಗೆ ಸಿಟ್ಟು ಬರುವುದು ಮಾರಿದ್ದಕ್ಕಲ್ಲ. ಬೋಜೋನನ್ನು ಸೃಷ್ಟಿಸಿದ್ದೇ ತಾನು ಅಂತ ಹಾರ್ಮನ್ ಹೇಳಿಕೊಂಡು ತಿರುಗಿದ್ದಕ್ಕೆ. 2004ರಲ್ಲಿ, ಜೋಕರ್‌ಗಳನ್ನು ಗೌರವಿಸುವ ಇಂಟರ್‌ನ್ಯಾಷನಲ್ ಕ್ಲೌನ್ ಹಾಲ್ ಆಫ್ ಫೇಮ್ ಸಂಸ್ಥೆ ಹಾರ್ಮನ್ ಅವರ ಫಲಕ ಕೆಳಗಿಳಿಸಿ, ಮೊದಲ ಬೋಜೋ ಎಂದು ಕಾಲ್ವಿಗ್ ಅವರನ್ನು ಗೌರವಿಸಿತು. ತಡವಾಯಿತು, ಆದರೂ ಸರಿ.

ಜೋಕರ್‌ನನ್ನು ದುಡ್ಡಿಗೆ ಬಳಸುವುದು ಅಂದರೆ ಏನು ಅಂತ ನೋಡಬೇಕಾ? ವಾಷಿಂಗ್ಟನ್‌ನಲ್ಲಿ ಬೋಜೋ ಆಗಿದ್ದವರು ವಿಲ್ಲರ್ಡ್ ಸ್ಕಾಟ್. ಆ ಕಾರ್ಯಕ್ರಮ ನಿಂತ ಮೇಲೆ, 1963ರಲ್ಲಿ, ಅವರೇ ಮೆಕ್‌ಡೊನಾಲ್ಡ್ಸ್ ಬರ್ಗರ್ ಕಂಪನಿಯ ಜಾಹೀರಾತಿನ ಜೋಕರ್, ಮೊದಲ ರೊನಾಲ್ಡ್ ಮೆಕ್‌ಡೊನಾಲ್ಡ್ ಆದರು. ಮೂಗಿನ ಮೇಲೆ ಕಾಗದದ ಲೋಟ, ಟೋಪಿಯ ಜಾಗದಲ್ಲಿ ತಿಂಡಿಯ ಟ್ರೇ.