ಡ್ರಾ ಆದ ಪಂದ್ಯಕ್ಕೆ ಇಷ್ಟೊಂದು ಸಂಭ್ರಮವೇ?

ಇದು 2016ರ ಜೂನ್. ಯೂರೋಪಿನ ದೇಶಗಳ ಫುಟ್‌ಬಾಲ್ ಟೂರ್ನಿಯಾದ ಯೂರೊ ಕಪ್‌ನಲ್ಲಿ ಮಂಗಳವಾರ ಐಸ್‌ಲ್ಯಾಂಡ್ ತಂಡ ಪೋರ್ಚುಗಲ್ ಜೊತೆ ಡ್ರಾ ಮಾಡಿಕೊಂಡಿತು. ಬುಧವಾರ ಬೆಳಿಗ್ಗೆ ಪೋರ್ಚುಗಲ್ ತಂಡದ ರೊನಾಲ್ಡೊನ ಮಾತು ಓದಿದಾಗಿನಿಂದ ನನ್ನ ಸಿಟ್ಟು ಇಳಿದಿಲ್ಲ. ಐಸ್‌ಲ್ಯಾಂಡ್‌ನವರು ಬರೀ ರಕ್ಷಣೆಗೆ ನಿಂತರು, ಕೊನೆಯಲ್ಲಿ ಅವರ ಸಂಭ್ರಮ ನೋಡಿದರೆ ಯೂರೊ ಕಪ್ಪನ್ನೇ ಗೆದ್ದಂತಿತ್ತು, ಇದು ಸಣ್ಣ ಮನಸ್ಸಿನ ಲಕ್ಷಣ, ಈ ಟೂರ್ನಿಯಲ್ಲಿ ಇವರು ಏನನ್ನೂ ಸಾಧಿಸುವುದಿಲ್ಲ ಎಂದನಂತೆ. ಸಣ್ಣ ಮನಸ್ಸು! ತರಗತಿಗೆ ಹೋದೆ, ಪಾಠ ಮಾಡಿದೆ, ಮನೆಗೆ ಬಂದೆ. ಆ ಎರಡು ಪದಗಳು ಬೆನ್ನು ಬಿಡಲೇ ಇಲ್ಲ.

ಹಿಂದಿನ ರಾತ್ರಿ ಹನ್ನೆರಡೂವರೆಗೆ ಶುರುವಾದ ಪಂದ್ಯವನ್ನು ನಾನೂ ಮಗನೂ ಕೊನೆಯವರೆಗೆ ನೋಡಿದ್ದೆವು. ಫ್ರಾನ್ಸಿನ ಸೇಂಟ್ ಎಟಿಯೆನ್ ಕ್ರೀಡಾಂಗಣದ ಒಂದು ಮೂಲೆಯೆಲ್ಲ ನೀಲಿ. ಐಸ್‌ಲ್ಯಾಂಡ್ ಪುರುಷರ ತಂಡ ದೊಡ್ಡ ಟೂರ್ನಿಯೊಂದರಲ್ಲಿ ಆಡುತ್ತಿರುವುದು ಇದೇ ಮೊದಲು. ಆ ದೇಶದ ಜನಸಂಖ್ಯೆ ಸುಮಾರು 3.3 ಲಕ್ಷ. 2011ರ ಜನಗಣತಿಯ ಪ್ರಕಾರ ನಮ್ಮ ಶಿವಮೊಗ್ಗ ನಗರದ್ದು 3.22 ಲಕ್ಷ. ಯೂರೊ ಕಪ್ ಆಡಿದ ದೇಶಗಳಲ್ಲಿ ಇಷ್ಟು ಚಿಕ್ಕದು ಇನ್ನೊಂದಿಲ್ಲ.

ಮೂರನೇ ನಿಮಿಷದಲ್ಲೇ ಸಿಗುರ್ಡ್‌ಸನ್ ಗೋಲು ಹೊಡೆಯುವುದರಲ್ಲಿದ್ದ, ಪೋರ್ಚುಗಲ್ ಗೋಲ್‌ಕೀಪರ್ ತಡೆದ. 31ನೇ ನಿಮಿಷದಲ್ಲಿ ಪೋರ್ಚುಗಲ್ ತಂಡದ ನಾನಿ ಗೋಲು ಹೊಡೆದಾಗ ಮಗ ‘ಇನ್ನು ಮುಗಿಯಿತು’ ಎಂದು ದಿಂಬಿಗೆ ಒರಗಿದ. ವಿರಾಮದ ನಂತರ, 50ನೇ ನಿಮಿಷ. ಬಲಗಡೆಯಿಂದ ಎತ್ತರಕ್ಕೆ ಬಂದ ಚೆಂಡು ಎಲ್ಲರನ್ನೂ ದಾಟಿ ಗೋಲಿನ ಆಚೆ ಕಂಬದ ಬಳಿ ನಿಂತಿದ್ದ ಬಿರ್ಕಿರ್ ಬ್ಯಾರ್ನಸನ್‌ನ ಕಡೆಗೆ ಇಳಿಯಿತು. ಉದ್ದ ಕೂದಲಿನ ಆ ಹುಡುಗ ಅದನ್ನು ನೆಲಕ್ಕೆ ತಾಗಲು ಬಿಡದೆ ಬಲೆಗೆ ಒದ್ದ. ಆಮೇಲೆ ನಲವತ್ತು ನಿಮಿಷ ನಾನು ಬೆನ್ನು ಒರಗಿಸಲಿಲ್ಲ. ಪೋರ್ಚುಗಲ್ ಅಲೆ ಅಲೆಯಾಗಿ ಬರುತ್ತಿತ್ತು. ಗೋಲ್‌ಕೀಪರ್ ಹಾನೆಸ್ ಹಾಲ್‌ಡೋರ್ಸನ್ ರೊನಾಲ್ಡೊ ತಲೆಯಿಂದ ಹೊಡೆದ ಚೆಂಡನ್ನೂ ತಡೆದ. ಈ ಹಾನೆಸ್ ಚಿತ್ರ ನಿರ್ದೇಶಕನೂ ಹೌದು, ಯೂರೊವಿಷನ್ ಎಂಬ ಹಾಡಿನ ಸ್ಪರ್ಧೆಗೆ ಹೋದ ತನ್ನ ದೇಶದ ಹಾಡಿಗೆ ವಿಡಿಯೊ ಮಾಡಿದವನು. ಕೊನೆಯ ಗಳಿಗೆಯ ಫ್ರೀಕಿಕ್ ಕೂಡ ಗೋಲು ಮುಟ್ಟಲಿಲ್ಲ. 1-1. ಆ ನೀಲಿ ಮೂಲೆ ಕುಣಿಯಿತು, ಅತ್ತಿತು, ಹಾಡಿತು.

ಕುಣಿಯದೆ ಇನ್ನೇನು ಮಾಡಬೇಕಿತ್ತು? 2013ರ ನವೆಂಬರಿನಲ್ಲಿ ವಿಶ್ವಕಪ್ಪಿನ ಬಾಗಿಲಿಗೆ ಬಂದು ಕ್ರೊಯೇಷಿಯಾ ಎದುರು ಸೋತು ಮರಳಿದವರು ಇವರು. ಮತ್ತೆ ಮೊದಲಿನಿಂದ ಶುರು ಮಾಡಿ ನೆದರ್‌ಲೆಂಡ್ಸ್ ತಂಡವನ್ನು ತಮ್ಮ ನೆಲದಲ್ಲೂ ಸೋಲಿಸಿದರು, ಆಮ್‌ಸ್ಟರ್‌ಡ್ಯಾಮ್‌ನಲ್ಲೂ ಸೋಲಿಸಿದರು. ವರ್ಷದ ಬಹುಭಾಗ ಚಳಿ, ಗಾಳಿ, ಕತ್ತಲೆ ಇರುವ ನಾಡು ಅದು. 2000ದಿಂದೀಚೆಗೆ ಊರೂರಲ್ಲಿ ಚಾವಣಿಯ ಮೈದಾನ ಕಟ್ಟಿದರು, ಪುಟ್ಟ ಮಕ್ಕಳಿಗೂ ಪರವಾನಗಿ ಪಡೆದ ತರಬೇತುದಾರರೇ ಕಲಿಸುವಂತೆ ಮಾಡಿದರು. ಸ್ವೀಡನ್ನಿನ ಲಾಗರ್‌ಬ್ಯಾಕ್ ಜೊತೆ ಈ ಟೂರ್ನಿಯಲ್ಲಿ ತಂಡದ ತರಬೇತಿಯ ಹೊಣೆ ಹೊತ್ತಿರುವ ಹೇಮಿರ್ ಹಾಲ್‌ಗ್ರಿಮ್ಸನ್ ದಂತವೈದ್ಯರು. ಅವರು ಹುಟ್ಟಿದ್ದು ಐಸ್‌ಲ್ಯಾಂಡಿನ ವೆಸ್ಟ್‌ಮನ್ ದ್ವೀಪಗಳಲ್ಲಿ. 1973ರ ಜನವರಿಯ ಒಂದು ರಾತ್ರಿ ಅಲ್ಲಿ ಊರ ಪಕ್ಕದಲ್ಲೇ ನೆಲ ಬಿರಿದು ಬೆಂಕಿ ಉಕ್ಕಿತ್ತು. ಹಿಂದಿನ ದಿನದ ಬಿರುಗಾಳಿಯಿಂದಾಗಿ ಮೀನುಗಾರರ ದೋಣಿಗಳು ಬಂದರಿನಲ್ಲೇ ಉಳಿದಿದ್ದವು, ಸುಮಾರು ಐದು ಸಾವಿರ ಜನರಲ್ಲಿ ಬಹುಪಾಲು ಬೆಳಗಾಗುವುದರೊಳಗೆ ಅವುಗಳಲ್ಲೇ ದಾಟಿಹೋದರು. ಆಗ ಹೇಮಿರ್ ಐದು ವರ್ಷದ ಮಗು. ಈಗ ತವರಿನ ಪಂದ್ಯಗಳಿಗೆ ಮುಂಚೆ ರಾಜಧಾನಿ ರೇಕ್ಯವಿಕ್‌ನ ಒಂದು ಪಬ್ಬಿಗೆ ಹೋಗಿ, ಆ ದಿನ ಆಡುವ ಹನ್ನೊಂದು ಮಂದಿ ಯಾರು ಎಂದು ಅಭಿಮಾನಿಗಳಿಗೆ ಮೊದಲೇ ಹೇಳುವ ಮನುಷ್ಯ. ಇಂಥವರಲ್ಲಿ ರೊನಾಲ್ಡೊಗೆ ಕಂಡ ಸಣ್ಣತನ ಯಾವುದೋ ನನಗೆ ತಿಳಿಯುತ್ತಿಲ್ಲ.

ನನಗೆ ಹೆಚ್ಚು ನೋವಾಗಿದ್ದು ಆ ಮಾತು ಬಂದ ಬಾಯಿಯಿಂದ. ರೊನಾಲ್ಡೊ ಮಡೈರಾದವನು. ಅಟ್ಲಾಂಟಿಕ್ ನಡುವಿನ ಆ ದ್ವೀಪದಲ್ಲಿ ಐಸ್‌ಲ್ಯಾಂಡಿನಷ್ಟೂ ಜನರಿಲ್ಲ. ಬಡ ಮನೆಯ ಹುಡುಗ, ಹನ್ನೆರಡರ ವಯಸ್ಸಿಗೆ ಮನೆ ಬಿಟ್ಟು ಲಿಸ್ಬನ್ನಿಗೆ ಹೋದವನು. ಅವನ ಆಟವನ್ನು ನಾನು ಪ್ರೀತಿಸುತ್ತೇನೆ, ಅವನಷ್ಟು ದುಡಿಯುವ ಆಟಗಾರ ಇನ್ನೊಬ್ಬನಿಲ್ಲ ಎಂದು ಮಗನಿಗೆ ಎಷ್ಟೋ ಸಲ ಹೇಳಿದ್ದೇನೆ. ಗೆಲ್ಲಲಾಗದ ಸಂಕಟದಲ್ಲಿ ಆಡಿದ ಮಾತು ಎಂದು ಮಗ ಸಮಜಾಯಿಷಿ ಕೊಡುತ್ತಾನೆ. ಇರಬಹುದು. ಆದರೆ ಚಿಕ್ಕ ಜಾಗದಿಂದ ಬಂದವನು ಗೊತ್ತಿದ್ದೂ ಚಿಕ್ಕವರಿಗೆ ಹೀಗನ್ನುವುದು ನನಗೆ ಸಹಿಸಲು ಕಷ್ಟ.

ಕಾಲೇಜಿನಲ್ಲಿ ಸಹೋದ್ಯೋಗಿಯೊಬ್ಬರು, ‘ರೊನಾಲ್ಡೊ ಹೇಳಿದ್ದು ಸರಿ ಮೇಡಂ, ಡ್ರಾಗೆ ಯಾರಾದರೂ ಹಾಗೆ ಕುಣಿಯುತ್ತಾರೆಯೇ?’ ಎಂದರು. ಒಳ್ಳೆಯ ಮೇಷ್ಟ್ರು, ಲೆಕ್ಕ ಚೆನ್ನಾಗಿ ಕಲಿಸುತ್ತಾರೆ. ಅವರ ಮಾತು ಕೇಳುತ್ತಲೇ ಕಳೆದ ತಿಂಗಳ ಒಂದು ಮಧ್ಯಾಹ್ನ ನೆನಪಾಯಿತು. ಪಿಯುಸಿ ಫಲಿತಾಂಶ ಬಂದಿತ್ತು. ಮನೆಯಲ್ಲಿ ಹತ್ತನೆಯ ತರಗತಿ ದಾಟಿದವರೇ ಇಲ್ಲದ ಹುಡುಗಿಯೊಬ್ಬಳು ಅಪ್ಪನನ್ನು ಕರೆದುಕೊಂಡು ಪೇಢೆಯ ಡಬ್ಬಿ ಹಿಡಿದು ಬಂದಿದ್ದಳು. ಅದೇ ಮೇಷ್ಟ್ರು ನಗುತ್ತಲೇ, ‘ಸೆಕೆಂಡ್ ಕ್ಲಾಸಿಗೆ ಪೇಢೆಯೇನಮ್ಮ?’ ಎಂದಿದ್ದರು. ಕೆಟ್ಟ ಮನಸ್ಸಿನಿಂದಲ್ಲ. ಅಪ್ಪ ಮಾತ್ರ ಆಮೇಲೆ ಉಳಿದವರ ಮೇಜಿನ ಕಡೆಗೆ ಡಬ್ಬಿ ಹಿಡಿಯಲು ಹಿಂಜರಿದರು. ಆ ಹುಡುಗಿ ಬೆಳಿಗ್ಗೆ ಎಷ್ಟು ಹೊತ್ತಿಗೆ ಎದ್ದು, ಯಾರ ಮನೆಯ ಕೆಲಸ ಮುಗಿಸಿ, ಯಾವ ಬಸ್ ಹಿಡಿಯುತ್ತಿದ್ದಳು ಎಂದು ಆ ಕೋಣೆಯಲ್ಲಿದ್ದ ಎಲ್ಲರಿಗೂ ಗೊತ್ತಿತ್ತು. ಡಿಸ್ಟಿಂಕ್ಷನ್ ಬಂದ ಮನೆಗಳಿಂದ ಅಂದು ಯಾರೂ ಪೇಢೆ ತಂದಿರಲಿಲ್ಲ. ಎಷ್ಟಕ್ಕೆ ಎಷ್ಟು ಖುಷಿಪಡಬೇಕು ಎಂಬುದನ್ನು ಆ ದಾರಿ ನಡೆಯದವರು ಯಾಕೆ ಗೊತ್ತುಮಾಡುತ್ತಾರೆ? ‘ಸರ್, ನಿಮ್ಮ ಲೆಕ್ಕ ಇಲ್ಲಿ ತಪ್ಪಿದೆ’ ಎಂದು ಈ ಸಲ ಎದುರಿಗೇ ಹೇಳಿದೆ. ಅವರು ನಕ್ಕು ಚಹಾ ತರಿಸಿದರು. ನನಗೆ ನಗು ಬರಲಿಲ್ಲ.

ಶನಿವಾರ ಮಾರ್ಸೇಯಲ್ಲಿ ಹಂಗೆರಿಯ ಜೊತೆ ಪಂದ್ಯ. ಆಸ್ಟ್ರಿಯಾವನ್ನು 2-0ಯಿಂದ ಸೋಲಿಸಿ ಬಂದಿರುವ ತಂಡ, ಸುಲಭವಲ್ಲ. ಐಸ್‌ಲ್ಯಾಂಡ್ ಗೆಲ್ಲಲಿ ಎಂಬ ಆಸೆಯ ಜೊತೆಗೆ ಇನ್ನೊಂದೂ ಇದೆ. 37 ವರ್ಷದ ಐದುರ್ ಗುಡ್‌ಯೋನ್ಸೆನ್ ಮಂಗಳವಾರ ಪೂರ್ತಿ ಬೆಂಚಿನಲ್ಲೇ ಕುಳಿತಿದ್ದ. 1996ರಲ್ಲಿ ಎಸ್ಟೋನಿಯಾದಲ್ಲಿ ಐಸ್‌ಲ್ಯಾಂಡ್ ಪರ ಆಡುತ್ತಿದ್ದ ಅಪ್ಪ ಆರ್ನೋರ್ ಮೈದಾನದಿಂದ ಹೊರಬಂದಾಗ ಅವನ ಜಾಗಕ್ಕೆ ಒಳಗೆ ಹೋದವನು ಹದಿನೇಳರ ಈ ಐದುರ್. ಇಬ್ಬರೂ ಒಟ್ಟಿಗೆ ಆಡುವ ದಿನ ಮುಂದೆ ಬಂದೀತೆಂದು ಎಲ್ಲರೂ ಕಾದಿದ್ದರು. ಅಷ್ಟರಲ್ಲಿ ಹುಡುಗ ಕಾಲಿಗೆ ಪೆಟ್ಟು ಮಾಡಿಕೊಂಡ, ಆ ದಿನ ಬರಲೇ ಇಲ್ಲ. ಅವನಿಗೊಂದು ಹತ್ತು ನಿಮಿಷ ಆಡಲು ಸಿಗಲಿ. ಪಂದ್ಯ ಮತ್ತೆ ಡ್ರಾ ಆದರೂ ಅವರು ಮಂಗಳವಾರದ ಹಾಗೆಯೇ ಕುಣಿಯಲಿ.