ಕಿಲ್‌ಪೆಕ್‌ಗೆ ಹೋಗುವುದಾದರೆ ದುರ್ಬೀನು ಮರೆಯಬೇಡಿ

ಕಿಲ್‌ಪೆಕ್‌ನ ಹಳೆಯ ಚರ್ಚಿಗೆ ಮೊದಲ ಸಲ ನಾನು ಹೋದದ್ದು ಡಿಸೆಂಬರ್‌ನಲ್ಲಿ. ತಲುಪುವಾಗ ಮಧ್ಯಾಹ್ನ ಮೂರು ದಾಟಿತ್ತು, ನಾಲ್ಕಕ್ಕೆಲ್ಲ ಕತ್ತಲು. ಸೂರಿನ ಅಡಿಯ ಶಿಲ್ಪಗಳು ಕರಿಯ ಉಂಡೆಗಳಂತೆ ಕಂಡವೇ ಹೊರತು ಬೇರೇನೂ ಇಲ್ಲ. ಎರಡನೆಯ ಸಲ ಮೇ ತಿಂಗಳಲ್ಲಿ ಹೋದೆ, ಬೆಳಗ್ಗೆ ಹನ್ನೊಂದಕ್ಕೇ ಅಲ್ಲಿದ್ದೆ. ಮುಖ್ಯ ಬಾಗಿಲು ದಕ್ಷಿಣಕ್ಕಿರುವುದರಿಂದ ನಡುಹಗಲ ಬಿಸಿಲು ನೇರವಾಗಿ ಅದರ ಮೇಲೆ ಬೀಳುತ್ತದೆ.

ಕಿಲ್‌ಪೆಕ್ ಇಂಗ್ಲೆಂಡಿನ ಹೆರೆಫರ್ಡ್ ನಗರದ ನೈರುತ್ಯಕ್ಕೆ, ವೇಲ್ಸ್ ಗಡಿಯ ಹತ್ತಿರವಿರುವ ಪುಟ್ಟ ಹಳ್ಳಿ. ಲಂಡನ್ನಿನ ಪ್ಯಾಡಿಂಗ್ಟನ್ನಿನಿಂದ ಹೆರೆಫರ್ಡ್‌ಗೆ ರೈಲಿನಲ್ಲಿ ಮೂರು ಗಂಟೆಗೂ ಮಿಕ್ಕಿ ಹಿಡಿಯಬಹುದು. ಅಲ್ಲಿಂದ ಮುಂದೆ ಬಸ್ಸನ್ನು ನಂಬಿದರೆ ಹೆದ್ದಾರಿಯಲ್ಲಿಳಿದು ಬೇಲಿಸಾಲಿನ ಕಿರಿದಾದ ದಾರಿಯಲ್ಲಿ ನಡೆಯಬೇಕು. ಮೂರ್ನಾಲ್ಕು ಜನರಿದ್ದರೆ ಟ್ಯಾಕ್ಸಿಯೇ ವಾಸಿ. ಮರಳಿ ಬರುವ ಏರ್ಪಾಟನ್ನು ಮೊದಲೇ ಮಾಡಿಕೊಳ್ಳಿ.

ಸೇಂಟ್ ಮೇರಿ ಮತ್ತು ಸೇಂಟ್ ಡೇವಿಡ್ ಹೆಸರಿನ ಈ ಚರ್ಚು ಸುಮಾರು 1140ರದು. ಕಟ್ಟಿದಾಗ ಇದು ರೋಮಿನ ಪೋಪನ ಅಧೀನದಲ್ಲಿತ್ತು, ಆಂಗ್ಲಿಕನ್, ಅಂದರೆ ಇಂಗ್ಲೆಂಡಿನದೇ ಸ್ವತಂತ್ರ ಚರ್ಚಿಗೆ ಸೇರಿದ್ದು, ಆದದ್ದು ದೊರೆ ಎಂಟನೆಯ ಹೆನ್ರಿ 1534ರಲ್ಲಿ ಪೋಪನ ಅಧಿಕಾರವನ್ನು ಕಳಚಿಕೊಂಡ ಮೇಲೆ. ಕೆತ್ತಿದವರ ಹೆಸರು ಉಳಿದಿಲ್ಲ, ವಿದ್ವಾಂಸರು ಅವರನ್ನು ಒಟ್ಟಾಗಿ ‘ಹೆರೆಫರ್ಡ್‌ಶೈರ್ ಪಂಥ’ ಎನ್ನುತ್ತಾರೆ. ಅದೇ ಶತಮಾನದ ಬೇಲೂರಿನಲ್ಲಿ ದಾಸೋಜ, ಚಾವಣರು ಹೆಮ್ಮೆಯಿಂದ ಹೆಸರು ಕೊರೆದದ್ದು ನೆನಪಾಗಿ ನನಗೆ ಕೊಂಚ ಬೇಸರವಾಯಿತು.

ಬಾಗಿಲಿನ ಮುಂದೆ ಎಲ್ಲರೂ ನಿಲ್ಲುತ್ತಾರೆ, ನಿಲ್ಲಲೇಬೇಕು. ಮೇಲಿನ ಅರೆವೃತ್ತದ ಕಲ್ಲಿನಲ್ಲಿ ಬಳ್ಳಿಯಂತೆ ಹಬ್ಬಿದ ಜೀವವೃಕ್ಷ, ಕಮಾನಿನ ಸುತ್ತ ವಿಚಿತ್ರ ಪ್ರಾಣಿಗಳು, ಎಡಗಂಬದಲ್ಲಿ ಬಳ್ಳಿಗೆ ಸಿಕ್ಕಿಕೊಂಡ ಷರಾಯಿಧಾರಿ ಯೋಧರು. ಕೆಂಪು ಮರಳುಗಲ್ಲು, ಆದರೂ ಉಳಿಯ ಗೆರೆಗಳು ಇನ್ನೂ ಚೂಪಾಗಿವೆ. ಹೆಚ್ಚಿನವರು ಇಷ್ಟನ್ನು ನೋಡಿ, ಫೋಟೋ ತೆಗೆದು ಒಳಗೆ ಹೋಗಿಬಿಡುತ್ತಾರೆ. ನೀವು ಒಳಗೆ ಹೋಗುವ ಮೊದಲು ಗೋಡೆಯ ಸುತ್ತ ಒಂದು ಪ್ರದಕ್ಷಿಣೆ ಹಾಕಿ, ತಲೆಯೆತ್ತಿ. ಸೂರಿಗೆ ಆಸರೆಯಾಗಿ ಚಾಚಿದ ಕಲ್ಲುಗಳಲ್ಲಿ 85 ಉಳಿದಿವೆ. ಹತ್ತಿರ ಹತ್ತಿರ ಕೂತ ನಾಯಿ ಮತ್ತು ಮೊಲ, ಪಿಟೀಲಿನಂಥ ವಾದ್ಯ ನುಡಿಸುವವನು, ಶಿಲುಬೆ ಹೊತ್ತ ಕುರಿಮರಿ. ದುರ್ಬೀನು ಬೇಕಾಗುವುದು ಇಲ್ಲಿಯೇ. ನನಗಂತೂ ಇದಕ್ಕೇ ಒಂದು ಗಂಟೆ ಹಿಡಿಯಿತು.

ಇವುಗಳ ನಡುವೆ ಷೀಲಾ ನಾ ಗಿಗ್ ಎಂಬ ಹೆಣ್ಣಿನ ಶಿಲ್ಪವಿದೆ, ಎರಡೂ ಕೈಗಳಿಂದ ಯೋನಿಯನ್ನು ಅಗಲಿಸಿ ತೋರಿಸುತ್ತಾಳೆ. ಕಾಮದ ವಿರುದ್ಧ ಎಚ್ಚರಿಕೆ ಎನ್ನುವವರಿದ್ದಾರೆ, ದೃಷ್ಟಿ ಪರಿಹಾರಕ್ಕೆ ಎನ್ನುವವರೂ ಇದ್ದಾರೆ. ಬಾದಾಮಿಯ ವಸ್ತುಸಂಗ್ರಹಾಲಯದಲ್ಲಿ ಲಜ್ಜಾಗೌರಿಯನ್ನು ನೋಡಿದವರಿಗೆ ಗಾಬರಿಯಾಗಲಿಕ್ಕಿಲ್ಲ. ಜೊತೆಗೆ ಮಕ್ಕಳಿದ್ದರೆ ಪ್ರಶ್ನೆಗಳಿಗೆ ಸಿದ್ಧರಾಗಿರಿ.

ಒಳಗೆ ಜನ ಕೂರುವ ಹಜಾರ, ಪಾದ್ರಿಯ ಅಂಕಣ, ಅದರಾಚೆ ಗರ್ಭಗುಡಿಯಂಥ ಅರೆವೃತ್ತದ ಭಾಗ. ನಡುವಿನ ಕಮಾನಿನ ಎರಡೂ ಬದಿಗೆ ಒಬ್ಬರ ಮೇಲೊಬ್ಬರಂತೆ ಮೂವರು ಸಂತರು ನಿಂತಿದ್ದಾರೆ. ಕೀಲಿ ಹಿಡಿದವನು ಪೀಟರ್. ಪ್ರವೇಶ ಶುಲ್ಕವಿಲ್ಲ, ಕಾಣಿಕೆ ಪೆಟ್ಟಿಗೆಯಿದೆ, ಸ್ವಲ್ಪ ಚಿಲ್ಲರೆ ಇಟ್ಟುಕೊಂಡಿರಿ. ಆರಾಧನೆ ಇಂದಿಗೂ ನಡೆಯುವುದರಿಂದ ಭಾನುವಾರ ಬೆಳಗ್ಗೆ ಹೋಗುವುದನ್ನು ತಪ್ಪಿಸಿ.

ಚರ್ಚಿನ ಹಿಂದೆಯೇ ಕೋಟೆಯ ದಿಣ್ಣೆಯಿದೆ. ಮೇಲೆ ಉಳಿದಿರುವುದು ಗೋಡೆಯ ತುಂಡುಗಳಷ್ಟೆ. ಮಳೆ ಬಿದ್ದ ಮರುದಿನ ಆ ಹುಲ್ಲು ಎಷ್ಟು ಜಾರುತ್ತದೆ ಎಂಬುದನ್ನು ನನ್ನ ಪ್ಯಾಂಟಿನ ಕಲೆಗಳು ಇನ್ನೂ ಹೇಳುತ್ತವೆ.