ಚಿತ್ರ ಬಿಡಿಸೋದು ಯಾಕೆ, ಶೂಟ್ ಮಾಡಬಾರದಾ?

"ಅನಿಮೇಷನ್ ಮಾಡಿಕೊಂಡಿದ್ದವರು ಈಗ ಸ್ವಂತ ಸಿನಿಮಾ ಮಾಡ್ತಿದ್ದೀರಿ, ಅದೂ ಮನೆಯವರ ಕಥೆ. ಅದನ್ನೂ ಚಿತ್ರ ಬಿಡಿಸಿಯೇ ಯಾಕೆ ಹೇಳ್ಬೇಕು? ಕ್ಯಾಮೆರಾ ಇಟ್ಟು ಶೂಟ್ ಮಾಡಬಾರದಾ?"

ಇದಕ್ಕೆ ಬಾಯಲ್ಲಿ ಉತ್ತರ ಹೇಳಿ ಸಾಕಾಗಿದೆ. ಇನ್ನು ಮುಂದೆ ಕೇಳಿದವರಿಗೆ ಇದನ್ನೇ ಕಳಿಸುತ್ತೇನೆ.

ಏನನ್ನು ಶೂಟ್ ಮಾಡಲಿ, ಹೇಳಿ? ಇದು ಅಮ್ಮ ಚಿಕ್ಕವಳಿದ್ದಾಗಿನ ಕಥೆ. ಆ ಮನೆ ಈಗಿಲ್ಲ. ಅಜ್ಜ ಇಲ್ಲ. ಇರುವುದು ಕೆಲವು ಫೋಟೋ, ಮತ್ತೆ ಅಮ್ಮ, ದೊಡ್ಡಮ್ಮ ಮಾತಾಡಿದ ರೆಕಾರ್ಡಿಂಗ್. ಯಾರೋ ನಟನನ್ನು ತಂದು ನಿಲ್ಲಿಸಿದರೆ ನೋಡುವವರು ಅವನನ್ನೇ ಅಜ್ಜ ಅಂದುಕೊಳ್ಳುತ್ತಾರೆ. ಗೆರೆ ಹಾಗಲ್ಲ. ಯಾರೋ ಕೂತು ಬಿಡಿಸಿದ್ದು ಅಂತ ನೋಡಿದ ಕೂಡಲೇ ಗೊತ್ತಾಗುತ್ತದೆ, ಅಲ್ವಾ?

ಇದು ಹೊಸ ದಾರಿಯೂ ಅಲ್ಲ. 1915ರಲ್ಲಿ ಲುಸಿಟಾನಿಯಾ ಹಡಗು ಮುಳುಗಿದ್ದನ್ನು ಯಾವ ಕ್ಯಾಮೆರಾವೂ ಹಿಡಿದಿರಲಿಲ್ಲ. ಅಮೆರಿಕದ ವ್ಯಂಗ್ಯಚಿತ್ರಕಾರ ವಿನ್ಸರ್ ಮೆಕೇ ಅದನ್ನು ಚಿತ್ರ ಬಿಡಿಸಿ 1918ರಲ್ಲಿ ತೆರೆಗೆ ತಂದರು. 2021ರ 'ಫ್ಲೀ' ಸಿನಿಮಾ ಒಬ್ಬ ಅಫ್ಘಾನ್ ನಿರಾಶ್ರಿತನ ನಿಜವಾದ ಕಥೆ. ಅವನ ಗುರುತು ಬಚ್ಚಿಡಲು ಅನಿಮೇಷನ್ನೇ ನೆರವಾಯಿತು.

ಇಷ್ಟಾದರೂ ಒಮ್ಮೆ ಪ್ರದರ್ಶನ ಮುಗಿದ ಮೇಲೆ ಒಬ್ಬರು ಎದ್ದು ನಿಂತು, "ಚೆನ್ನಾಗಿದೆ, ಆದ್ರೆ ನಿಜವಾದ ಸಿನಿಮಾ ಯಾವಾಗ ಮಾಡ್ತೀರಿ?" ಅಂದರು. ಸಿಕ್ಕಾಪಟ್ಟೆ ರೇಗಿತು. ಸಿನಿಮಾದಲ್ಲಿ ಸೆಕೆಂಡಿಗೆ 24 ಫ್ರೇಮ್ ಓಡುತ್ತವೆ. ಒಂದೊಂದು ಚಿತ್ರವನ್ನು ಎರಡೆರಡು ಫ್ರೇಮ್ ನಿಲ್ಲಿಸಿದರೂ ಸೆಕೆಂಡಿಗೆ 12 ಚಿತ್ರ ಬೇಕು, ನಿಮಿಷಕ್ಕೆ 720. ಅಜ್ಜ ಬಾಗಿಲು ತೆರೆದು ಒಳಗೆ ಬರುವುದನ್ನು ಬಿಡಿಸಬೇಕಾದರೆ, ಅವರು ಮೊದಲು ಯಾವ ಕಾಲಿಟ್ಟರು, ಯಾರನ್ನು ನೋಡಿದರು, ಕೈ ಎಲ್ಲಿತ್ತು ಅಂತ ಎಲ್ಲವನ್ನೂ ಕೇಳಿ ತಿಳಿದುಕೊಳ್ಳಬೇಕು. ಸುಮ್ನೆ ಗೀಚಿದ್ದಲ್ಲ ಸ್ವಾಮಿ.

ಹಾಗೆ ಕೇಳುವಾಗಲೇ ಮೆಟ್ಟಿಲಿನ ಜಗಳ ಶುರುವಾಗಿದ್ದು. ಅಟ್ಟಕ್ಕೆ ಹೋಗುವ ಮೆಟ್ಟಿಲು ಮುಗಿಯುತ್ತಲೇ ಇರಲಿಲ್ಲ, ಕತ್ತಲು ಬೇರೆ ಅನ್ನುತ್ತಾಳೆ ಅಮ್ಮ. "ಅದ್ಯಾವ ಕತ್ತಲು? ನಾಲ್ಕೇ ಮೆಟ್ಟಿಲು ಇದ್ದಿದ್ದು" ಅನ್ನುತ್ತಾರೆ ದೊಡ್ಡಮ್ಮ. ಸೆಟ್ ಹಾಕಿದ್ದರೆ ಬಡಗಿಗೆ ಯಾವುದಾದರೂ ಒಂದು ಅಳತೆ ಕೊಡಲೇಬೇಕಿತ್ತು, ಒಬ್ಬರ ನೆನಪು ಸುಳ್ಳಾಗುತ್ತಿತ್ತು. ನನ್ನ ಸಿನಿಮಾದಲ್ಲಿ ಅಮ್ಮನ ದನಿ ಇರುವಷ್ಟು ಹೊತ್ತು ಮೆಟ್ಟಿಲು ಬೆಳೆಯುತ್ತಾ ಹೋಗುತ್ತದೆ, ದೊಡ್ಡಮ್ಮ ಬಾಯಿ ಹಾಕಿದ ತಕ್ಷಣ ನಾಲ್ಕಕ್ಕೆ ಇಳಿಯುತ್ತದೆ. ಇಬ್ಬರೂ ತಮ್ಮದೇ ಸರಿ ಅನ್ನುವುದನ್ನು ಇನ್ನೂ ಬಿಟ್ಟಿಲ್ಲ. ಅವರು ಬಿಡಬೇಕು ಅಂತ ನನಗೂ ಇಲ್ಲ.

ಯಾಕೆ ಚಿತ್ರ, ಇದರಲ್ಲಿ ಎಷ್ಟು ನಿಜ, ಇವೆರಡನ್ನು ಎಲ್ಲರೂ ಕೇಳುತ್ತಾರೆ. "ಇದಕ್ಕೆ ಮನೆಯವರು ಒಪ್ಪಿದ್ರಾ?" ಅಂತ ಮಾತ್ರ ಒಬ್ಬರೂ ಕೇಳುವುದಿಲ್ಲ. ನನಗೆ ಅದೇ ದೊಡ್ಡ ಪ್ರಶ್ನೆ. ನೆನಪು ಅವರದು. ಸಿನಿಮಾದ ಮೇಲೆ ಹೆಸರು ನನ್ನದು.

ನಮ್ಮ ಕೆಲಸದಲ್ಲಿ ದನಿ ಮೊದಲು. ಅದರ ಜೊತೆಗೆ ಒರಟು ಸ್ಕೆಚ್‌ಗಳನ್ನು ಜೋಡಿಸಿ ಅನಿಮ್ಯಾಟಿಕ್ ಮಾಡುತ್ತೇವೆ. ಪೂರ್ತಿ ಚಿತ್ರ, ಬಣ್ಣ ಎಲ್ಲ ಆಮೇಲೆ. ಅನಿಮ್ಯಾಟಿಕ್ ಹಂತದಲ್ಲಿ ಏನು ತೆಗೆದರೂ ಜಾಸ್ತಿ ನಷ್ಟ ಇಲ್ಲ. ಅದಕ್ಕೇ ಅಮ್ಮ, ದೊಡ್ಡಮ್ಮ ಇಬ್ಬರನ್ನೂ ಕೂರಿಸಿ ಅದನ್ನು ತೋರಿಸಿದೆ. ದೊಡ್ಡಮ್ಮ ಒಂದು ಕಡೆ ನಿಲ್ಲಿಸು ಅಂದರು. ತಾವೇ ಹೇಳಿದ ಮಾತು, ಆದರೆ ಅಜ್ಜನ ಬಗ್ಗೆ ಅದು ಹೊರಗೆ ಹೋಗುವುದು ಬೇಡ ಅಂದರು. ಕಥೆಗೆ ಅದು ಬೇಕಿತ್ತು. ನನ್ನ ಕೈಲಾದಷ್ಟು ವಾದ ಮಾಡಿದೆ, ಅವರು ಒಪ್ಪಲಿಲ್ಲ. ತೆಗೆದೆ.

ಆ ಜಾಗದಲ್ಲಿ ಕಥೆ ಸ್ವಲ್ಪ ಎಗರಿದಂತೆ ಕಾಣುತ್ತದೆ, ವಿಮರ್ಶೆ ಬರೆದವರೂ ಅದನ್ನು ಹೇಳಿದ್ದಾರೆ. ಎಗರಲಿ ಬಿಡಿ. ದೊಡ್ಡಮ್ಮ ಮೊನ್ನೆ ಫೋನ್ ಮಾಡಿ, ತಮ್ಮ ಮೊಮ್ಮಕ್ಕಳಿಗೆ ತೋರಿಸಬೇಕು, ಸಿನಿಮಾ ಕಳಿಸು ಅಂದರು.